ಎಳೆದು ಹಾಡುವ ಹೆಂಗಸರು

ನಮ್ಮ ಅಂಗಳದಲ್ಲಿ ಒಂದು ಹಾಡು ಬದುಕಬೇಕೋ ಸಾಯಬೇಕೋ ಅನ್ನುವುದು ಅದನ್ನು ಕಟ್ಟಿದವನ ಕೈಲಿಲ್ಲ. ನಮ್ಮ ಕೈಲಿದೆ. ನಾವು ಅಂದರೆ ಹೆಂಗಸರು. ಭಾನುವಾರ ಮಧ್ಯಾಹ್ನ ಊಟವಾದ ಮೇಲೆ ಹೊಸ ಸಾಂಬಾ ಹಾಡು ಕಟ್ಟಿಕೊಂಡು ಬಂದವನು ಮಾವಿನ ಮರದ ಕೆಳಗೆ ನಿಂತು ಒಬ್ಬನೇ ಹಾಡುತ್ತಾನೆ. ಎರಡು ಸುತ್ತು ನಾವು ಸುಮ್ಮನೆ ಕೇಳುತ್ತೇವೆ. ಹಿಡಿಸಿದರೆ ಮೂರನೇ ಸುತ್ತಿಗೆ ದನಿ ಸೇರಿಸುತ್ತೇವೆ. ನಾವು ಸೇರಿಸಿದರೆ ಅಂಗಳವೇ ಸೇರಿಸುತ್ತದೆ. ಮರುದಿನ ಬೇಕರಿಯವನೂ ರೈಲಿನ ಬಾಗಿಲಲ್ಲಿ ನೇತಾಡುವವನೂ ಅದನ್ನೇ ಗುನುಗುತ್ತಾರೆ. ನಾವು ಬಾಯಿ ಬಿಡದಿದ್ದರೆ ಅಲ್ಲಿಗೆ ಮುಗಿಯಿತು. ಅದೇ ಹಾಡನ್ನು ಮತ್ತೊಮ್ಮೆ ತರುವಂತಿಲ್ಲ. ನಮ್ಮನ್ನು ಪಾಸ್ತೋರಗಳು ಎನ್ನುತ್ತಾರೆ, ಕುರಿ ಕಾಯುವವರು ಅಂತ ಅರ್ಥ. ಕುರಿಗಳು ಯಾರು ಅಂತ ಗಂಡಸರನ್ನೇ ಕೇಳಿ.

ಇದು ಬೆಂಟೊ ಗುಡ್ಡದ ಸಾಂಬಾ ಶಾಲೆಯ ಅಂಗಳ. ಶಾಲೆ ಅಂದರೆ ಅಕ್ಷರ ಕಲಿಸುವ ಶಾಲೆಯಲ್ಲ. ಕಾರ್ನಿವಲ್ ಹಬ್ಬದ ದಿನ ಇಡೀ ಕೇರಿ ಒಂದೇ ಬಣ್ಣ ಉಟ್ಟು, ಹಾಡಿಕೊಂಡು ಕುಣಿದುಕೊಂಡು ಹೋಗುವ ಕೂಟ. ನಾನು ಜುರೇಮ, ಆ ಬಣ್ಣದ ಬಟ್ಟೆ ಹೊಲಿಯುವವಳು. ಪಕ್ಕದ ಮನೆ ಬೆನೆದೀತಕ್ಕನದು. ಪಾಸ್ತೋರಗಳಲ್ಲಿ ಅವಳೇ ಹಿರಿಯಳು, ಹೊಸ ಹಾಡಿಗೆ ಮೊದಲು ಬಾಯಿ ತೆರೆಯುವ ಹಕ್ಕು ಅವಳದು. ಅವಳು ತೆರೆಯದೆ ನಾವು ಯಾರೂ ತೆರೆಯುವುದಿಲ್ಲ. ಎಷ್ಟೋ ಸಲ ನನಗೆ ಗಂಟಲು ತುರಿಸಿದ್ದಿದೆ, ತಡೆದುಕೊಂಡು ಕೂತಿದ್ದೇನೆ.

ಇನ್ನೊಂದು ಪದ್ಧತಿ ಹೇಳಿಬಿಡುತ್ತೇನೆ, ಇಲ್ಲದಿದ್ದರೆ ಅನ್ಸೆಲ್ಮೊನ ಕಥೆ ಅರ್ಥವಾಗುವುದಿಲ್ಲ. ಅಂಗಳದವನು ಯಾರಾದರೂ ಸತ್ತರೆ ಹೆಣವನ್ನು ಇಲ್ಲಿಗೆ ತಂದು, ನಮ್ಮ ಕೆಂಪು ಹಳದಿ ಬಾವುಟ ಹೊದಿಸಿ, ಅವನು ಕಟ್ಟಿ ನಾವು ಎತ್ತಿಕೊಂಡ ಹಾಡನ್ನು ಹಾಡಿ ಕಳಿಸುತ್ತೇವೆ. ಅಂಥ ಹಾಡು ಇಲ್ಲದವನಿಗೆ ಬರೀ ಡೋಲು. ಶವಪೆಟ್ಟಿಗೆ ಗೇಟು ದಾಟುವ ತನಕ ಡುಂ ಡುಂ, ಅಷ್ಟೇ. ಹಾಡು ಕಟ್ಟದ ಜನಕ್ಕೆ ಅದು ಮರ್ಯಾದೆಯೇ. ಆದರೆ ಬದುಕೆಲ್ಲ ಹಾಡು ಕಟ್ಟಿದವನಿಗೆ ಬರೀ ಡೋಲು ಬಾರಿಸುವುದು ಊಟಕ್ಕೆ ಕರೆದು ಖಾಲಿ ತಟ್ಟೆ ಇಟ್ಟಂತೆ.

ಅನ್ಸೆಲ್ಮೊ ಬದುಕೆಲ್ಲ ಹಾಡು ಕಟ್ಟಿದವನು. ರೈಲು ಹಳಿಯ ಆಚೆಗೆ ಅವನ ಮನೆ, ತಾಯಿ ಊರವರ ಬಟ್ಟೆ ಒಗೆದು ಸಾಕಿದಳು. ಕೂಸಾಗಿದ್ದಾಗ ಚರ್ಚಿನಲ್ಲಿ ಅವನಿಗೆ ಜ್ಞಾನಸ್ನಾನ ಮಾಡಿಸುವಾಗ ಎತ್ತಿಕೊಂಡು ನಿಂತವಳು ಬೆನೆದೀತಕ್ಕ. ನಮ್ಮಲ್ಲಿ ಹಾಗೆ ಎತ್ತಿಕೊಂಡವಳು ಎರಡನೇ ತಾಯಿ. ಅವನು ಅವಳನ್ನು ದೊಡ್ಡಮ್ಮ ಅನ್ನುತ್ತಿದ್ದ. ಎಲ್ಲಿ ಕಂಡರೂ ಬಗ್ಗಿ ಕೈಗೆ ಮುತ್ತಿಟ್ಟು "ಆಶೀರ್ವಾದ ಮಾಡಿ ದೊಡ್ಡಮ್ಮ" ಅನ್ನುತ್ತಿದ್ದ, ಅವಳು "ದೇವರು ಒಳ್ಳೇದು ಮಾಡ್ಲಿ" ಅನ್ನುತ್ತಿದ್ದಳು. ಜಗಳವಾಡಿದ ದಿನವೂ ಇದು ತಪ್ಪುತ್ತಿರಲಿಲ್ಲ.

ಅವನ ಜಾಣತನವೆಲ್ಲ ಎರಡನೇ ಅರ್ಧದಲ್ಲಿತ್ತು. ಯಾರೋ ಅರ್ಧ ಸಾಂಬಾ ಕಟ್ಟಿ, ಮುಂದೆ ದಾರಿ ಕಾಣದೆ ತಲೆ ಕೆರೆದುಕೊಂಡು ಕೂತಿರುತ್ತಿದ್ದರು. ಇವನು ಪಕ್ಕದಲ್ಲಿ ಕೂತು, ಒಂದು ಬಿಯರು ಮುಗಿಯುವುದರೊಳಗೆ ಉಳಿದರ್ಧ ಹಚ್ಚಿಬಿಡುತ್ತಿದ್ದ. ಬೆಣ್ಣೆಯಲ್ಲಿ ಕೂದಲು ತೆಗೆದಷ್ಟು ಸಲೀಸು. ಆದರೆ ನಮ್ಮ ಲೆಕ್ಕದಲ್ಲಿ ಹಾಡು ಮೊದಲರ್ಧ ತಂದವನದು. ಪೂರ್ತಿ ತನ್ನದೇ ಆದ ಒಂದನ್ನು ಮಾವಿನ ಮರದ ಕೆಳಗೆ ನಿಂತು ಹಾಡುವ ಮೊದಲೇ ಪೇಟೆಯವರು ಅವನನ್ನು ಎತ್ತಿಕೊಂಡು ಹೋದರು.

ಅಲ್ಲಿ ಅವನು ಬೆಳೆದ ಪರಿ ನೋಡಬೇಕು! ಮೊದಲು ರೇಡಿಯೊ ಹಾಡುಗಾರರಿಗೆ ಹಾಡು ಬರೆದ. ಆಮೇಲೆ ರೆಕಾರ್ಡು ಕಂಪನಿಯಲ್ಲಿ ಗಾಜಿನ ಆಚೆ ಕೂತು, ಯಾರು ಏನು ಹಾಡಬೇಕು, ಹೇಗೆ ಹಾಡಬೇಕು ಅಂತ ಹೇಳುವ ಕೆಲಸ ಸಿಕ್ಕಿತು. ಸಿರಿವಂತರ ಕೊಪಕಬಾನದಲ್ಲಿ ಸಮುದ್ರಕ್ಕೆ ಮುಖ ಮಾಡಿದ ಮನೆ ಮಾಡಿದ. ಅವನ ಹಾಡು ಕೇಳಿ ಅತ್ತವರನ್ನು ನಾನು ಕಂಡಿದ್ದೇನೆ. ನಾನೂ ಒಮ್ಮೆ ಅತ್ತೆ, ಈರುಳ್ಳಿ ಹೆಚ್ಚುತ್ತಿದ್ದೆ ಅಂತ ಸುಳ್ಳು ಹೇಳಿದೆ. ಅವನಿಗೆ ಪ್ರತಿಭೆ ಇರಲಿಲ್ಲ ಅಂತ ಯಾರಾದರೂ ಹೇಳಿದರೆ ನಾನೇ ಕತ್ತರಿ ಹಿಡಿದು ಹೋಗುತ್ತೇನೆ.

ಒಂದು ದಿನ ಕಾರಿನಲ್ಲಿ ಬಂದ. ಬೆನೆದೀತಕ್ಕ ಹಿತ್ತಲಲ್ಲಿ ಸೊಪ್ಪು ಹೆಚ್ಚುತ್ತಿದ್ದಳು, ನಾನು ಅವಳ ಲಂಗದ ಅಂಚು ಮಡಿಸುತ್ತಿದ್ದೆ.

"ದೊಡ್ಡಮ್ಮ, ನಮ್ಮ ಅಂಗಳದ ಹಳೇ ಹಾಡೆಲ್ಲ ಗಾಳೀಲಿ ಹೋಗ್ತಿವೆ. ಒಂದು ರೆಕಾರ್ಡ್ ಮಾಡೋಣ. ನಿಮ್ಮ ದನೀಲೇ. ನಾನಲ್ದೆ ಇನ್ಯಾರು ಮಾಡ್ತಾರೆ?"

"ಮಾಡಪ್ಪ, ಬೇಡ ಅಂದೋರ್ಯಾರು? ಊಟ ಹಾಕ್ಸ್ತೀಯ ತಾನೆ?"

"ಊಟ, ಕಾರು, ಎಲ್ಲಾ."

"ಹಂಗಾದ್ರೆ ಮರ್ಲೆನೀನೂ ಕರ್ಕೊಂಡು ಬರ್ತೀನಿ. ಅವಳು ಇಬ್ಬರ ಊಟ ಮಾಡ್ತಾಳೆ, ಈಗ್ಲೇ ಹೇಳಿದೀನಿ."

ಸ್ಟುಡಿಯೊ ಒಳಗೆ ಮಾಂಸದಂಗಡಿಯ ಶೀತಲ ಪೆಟ್ಟಿಗೆಯ ಥಂಡಿ. ನಾವು ಗಂಜಿ ಹಾಕಿ ಇಸ್ತ್ರಿ ಮಾಡಿದ ಲಂಗ ಉಟ್ಟು ಹೋಗಿದ್ದೆವು, ಅಲ್ಲಿ ನಮ್ಮನ್ನು ನೋಡುವವರೇ ಇರಲಿಲ್ಲ. ತಲೆವಸ್ತ್ರದ ಮೇಲೆ ಹೆಡ್‌ಫೋನು ಕೂರಿಸಿದರು. ಕಿವಿಯೊಳಗೆ ಯಂತ್ರವೊಂದು ಟಿಕ್ ಟಿಕ್ ಅನ್ನುತ್ತಿತ್ತು, ಅದರ ಹಿಂದೆ ನಾವು ಹಾಡಬೇಕು. ಹಾಡಿದೆವು. ಗಾಜಿನ ಆಚೆಯಿಂದ ಅನ್ಸೆಲ್ಮೊ ಗುಂಡಿ ಒತ್ತಿ ಹೇಳಿದ:

"ಅಮ್ಮಂದಿರೇ, ಸಾಲಿನ ಕೊನೇಲಿ ಎಳೀತಿದ್ದೀರಿ. ಎಳೀಬೇಡಿ."

ಮತ್ತೆ ಹಾಡಿದೆವು.

"ಎಳೀತಿದ್ದೀರಿ."

ಮತ್ತೆ.

"ಈಗ್ಲೂ ಎಳೀತಿದ್ದೀರಿ. ಯಂತ್ರದ ಜೊತೆ ನಿಲ್ಲಿಸ್ಬೇಕು."

ನಮ್ಮ ಪಾಸ್ತೋರಗಳಲ್ಲೇ ಒಬ್ಬಳಾದ ಮರ್ಲೆನಿ ಗೊಣಗಿದಳು: "ಹುಟ್ಟುವಾಗ್ಲೂ ಅವರಮ್ಮಂಗೆ ಹಿಂಗೇ ಅವಸರ ಮಾಡಿರ್ಬೇಕು ಇವನು." ಮೈಕು ತೆರೆದಿತ್ತು. ವಾದ್ಯದವರೆಲ್ಲ ಬಿದ್ದು ಬಿದ್ದು ನಕ್ಕರು. ಅವನು ನಗಲಿಲ್ಲ.

ನಾವು ಎಳೆಯುತ್ತೇವೆ, ನಿಜ. ನಮ್ಮ ತಾಯಂದಿರೂ ಎಳೆಯುತ್ತಿದ್ದರು. ಮೈಕಿಲ್ಲದ ಅಂಗಳದಲ್ಲಿ ಗೇಟಿನ ಬಳಿ ನಿಂತವರಿಗೆ ಸಾಲು ತಡವಾಗಿ ಮುಟ್ಟುತ್ತದೆ. ಅವರೂ ಬಂದು ಸೇರಿಕೊಳ್ಳಲಿ ಅಂತ ಕೊನೆಯ ಅಕ್ಷರವನ್ನು ಹಿಡಿದುಕೊಂಡು ಕಾಯುತ್ತೇವೆ. ಎಲ್ಲರೂ ಬಂದರು ಅಂತ ಗೊತ್ತಾದ ಮೇಲೆ ಮುಂದಿನ ಸಾಲು. ಅನ್ಸೆಲ್ಮೊ ಹಾಡು ಕಲಿತದ್ದೇ ಆ ಗೇಟಿನ ಬಳಿ ನಿಂತು. ಅವನಿಗಾಗಿಯೂ ನಾವು ಕಾದಿದ್ದೆವು. ಗಾಜಿನ ಆಚೆ ಕೂತ ಮೇಲೆ ಅದು ಮರೆತುಹೋಯಿತು.

"ಆಯ್ತು, ತುಂಬಾ ಚೆನ್ನಾಗಿ ಬಂತು" ಅಂದು ಸಂಜೆ ಕಾರು ಹತ್ತಿಸಿ ಕಳಿಸಿದ. ಚೆನ್ನಾಗಿ ಬಂದಿರಲಿಲ್ಲ, ನಮಗೂ ಗೊತ್ತಿತ್ತು.

ರೆಕಾರ್ಡು ಬಂದಾಗ ಮರ್ಲೆನಿಯ ಮನೆಯಲ್ಲಿ ಎಲ್ಲರೂ ಸೇರಿದೆವು. ಮೇಲುಹೊದಿಕೆಯ ಮೇಲೆ ನಮ್ಮ ಫೋಟೊ. ಬೆನೆದೀತಕ್ಕ ನಡುವೆ, ರಾಣಿಯ ಹಾಗೆ. ರೆಕಾರ್ಡಿನ ಮೇಲೆ ಮುಳ್ಳು ಇಳಿಸಿದರು. ಗಂಡಸರು ಹಾಡಿದರು, ಆಮೇಲೆ ಹೆಂಗಸರು ಸೇರಬೇಕು. ಸೇರಿದರು. ನಾವಲ್ಲ. ನುಣ್ಣನೆಯ, ಎಳೆಯ ದನಿಗಳು. ಸಾಲಿನ ಕೊನೆಯಲ್ಲಿ ಟಕ್ಕನೆ ನಿಲ್ಲುತ್ತಿದ್ದವು. ನಮ್ಮ ದನಿ ತೆಗೆದುಹಾಕಿ ಪೇಟೆಯ ಹುಡುಗಿಯರನ್ನು ಕೂರಿಸಿದ್ದ. ಸೋಪಿನ ಜಾಹೀರಾತು ಹಾಡುತ್ತಿದ್ದವರೇ ಅವರು, ನನಗೆ ತಕ್ಷಣ ಗುರುತು ಸಿಕ್ಕಿತು. ಬಾಯಿ ತೆರೆಯಬೇಕು ಅನ್ನುವಷ್ಟರಲ್ಲಿ ಬೆನೆದೀತಕ್ಕನ ಮುಖ ನೋಡಿದೆ. ಅವಳು ನಗುತ್ತಿದ್ದಳು.

"ಎಷ್ಟು ಚೆನ್ನಾಗಿ ಬಂದಿದೆ ಅಲ್ವೇನ್ರೇ?" ಅಂದಳು.

ಯಾರು ಹೇಳುತ್ತಾರೆ? ಆ ಮುಖಕ್ಕೆ ಯಾರು ಹೇಳುತ್ತಾರೆ? ಎಲ್ಲರೂ "ಹೂಂ ಅಕ್ಕ, ತುಂಬಾ ಚೆನ್ನಾಗಿದೆ" ಅಂದೆವು. ಅವತ್ತಿನಿಂದ ನಮ್ಮ ಬಾಯಿಗೆ ಬೀಗ. ಅವಳು ಮನೆಗೆ ಬಂದವರಿಗೆಲ್ಲ ಆ ರೆಕಾರ್ಡು ಹಾಕಿ ಕಾಫಿ ಕೊಡುತ್ತಿದ್ದಳು, ನಾನು ಗೋಡೆಯ ಈಚೆ ಹೊಲಿಗೆ ಯಂತ್ರವನ್ನು ಜೋರಾಗಿ ತುಳಿಯುತ್ತಿದ್ದೆ.

ಅನ್ಸೆಲ್ಮೊ ಅಷ್ಟಕ್ಕೆ ನಿಲ್ಲಲಿಲ್ಲ, ಬರವಣಿಗೆಗೆ ಇಳಿದ. ಶನಿವಾರದ ಪತ್ರಿಕೆಯಲ್ಲಿ ಸಾಂಬಾ ಮಂದಿಯ ಬಗ್ಗೆ ಬರೆಯುತ್ತಿದ್ದ, ಚೆನ್ನಾಗಿಯೇ ಬರೆಯುತ್ತಿದ್ದ. ಆಮೇಲೆ ದಪ್ಪ ಪುಸ್ತಕ ಮಾಡಿದ. ಪೇಟೆಯಲ್ಲಿ ಬಿಡುಗಡೆ, ನಮ್ಮನ್ನು ಮುಂದಿನ ಸಾಲಿನಲ್ಲಿ ಕೂರಿಸಿ, ಕೈಗೆ ಸೀಗಡಿ ತುಂಬಿದ ಕರಿದ ತಿಂಡಿ ಕೊಟ್ಟರು. ಅವನು ಕನ್ನಡಕ ಏರಿಸಿ ಓದಿದ: "ಆ ರೆಕಾರ್ಡಿನಲ್ಲಿ ಬೆನೆದೀತಳ ದನಿಯನ್ನು ಕೇಳಿ. ಈ ಮಣ್ಣು ಬಾಯಿ ತೆರೆದಿದ್ದರೆ ಹೀಗೇ ಹಾಡುತ್ತಿತ್ತು." ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಸೋಪಿನ ಹುಡುಗಿಗೆ ತಟ್ಟಿದ ಚಪ್ಪಾಳೆ! ಬೆನೆದೀತಕ್ಕ ತಿಂಡಿ ನುಂಗಿ, ಬಾಯಿ ಒರೆಸಿಕೊಂಡು, ಎದ್ದು ತಲೆ ಬಗ್ಗಿಸಿದಳು. ಅವತ್ತು ಕದ್ದವನಿಗಿಂತ ಕದ್ದ ಮಾಲನ್ನು ಹೊಗಳುವವನ ಮೇಲೆ ಸಿಟ್ಟು ಹೆಚ್ಚಾಗುತ್ತದೆ ಅನ್ನುವುದು ನನಗೆ ಗೊತ್ತಾಯಿತು.

ವರ್ಷಗಳು ಕಳೆದವು. ಕಂಪನಿಗೆ ಹೊಸಬರು ಬಂದರು, ಅವನ ಕುರ್ಚಿ ಹೋಯಿತು. ಹೆಂಡತಿ ಬಿಟ್ಟುಹೋದಳು, ಸಮುದ್ರದ ಮನೆಯೂ ಅವಳ ಜೊತೆ ಹೋಯಿತು. ಇವೆಲ್ಲ ನಮಗೆ ಗಾಳಿಮಾತಾಗಿ ಬರುತ್ತಿದ್ದವು, ನಾವು ಕೇಳಿ ಬೀನ್ಸ್ ಬೇಯಿಸುತ್ತಿದ್ದೆವು. ಊರಿಗೆ ಬಂದವಳು ನೀರಿಗೆ ಬಾರದಿರುತ್ತಾಳೆಯೇ ಅನ್ನುತ್ತಾರಲ್ಲ, ಹಾಗೆ ಒಂದು ಮಧ್ಯಾಹ್ನ ನನ್ನ ಬಾಗಿಲಿಗೆ ಬಂದ. ರೈಲಿನಲ್ಲಿ ಬಂದಿದ್ದ. ಮೆಟ್ಟಿಲು ಹತ್ತಿದ್ದಕ್ಕೇ ಏದುಸಿರು ಬಿಡುತ್ತಿದ್ದ.

"ಜುರೇಮ, ಒಂದು ಸಾಂಬಾ ಕಟ್ಟಿದೀನಿ. ಪೂರ್ತಿ ನಂದೇ. ಮೊದಲರ್ಧಾನೂ ನಂದೇ."

"ಯಾಕೆ, ಪೇಟೇಲಿ ಹಾಡೋರೆಲ್ಲ ಸತ್ತುಹೋದ್ರಾ?"

"ಅಂಗಳದಲ್ಲಿ ಹಾಡ್ಬೇಕು."

"ಇಷ್ಟು ವರ್ಷ ಇಲ್ಲದ್ದು ಈಗೇನು?"

ಅವನು ಎದೆ ಮುಟ್ಟಿಕೊಂಡ. "ಇದು ಜಾಸ್ತಿ ದಿನ ಎಳೆಯಲ್ಲ ಅಂತಾರೆ ಡಾಕ್ಟ್ರು. ನೂರಾರು ಹಾಡು ಕಟ್ಟಿದೆ ಕಣೇ. ಅಂಗಳದ್ದು ಅಂತ ಒಂದಿಲ್ಲ. ನನ್ನನ್ನ ಬರೀ ಡೋಲು ಬಾರಿಸಿ ಕಳಿಸ್ಬೇಡ್ರೇ."

ಆ ಮಾತಿಗೆ ನನಗೆ ಅಳು ಬರಬೇಕಿತ್ತು. ಸಿಟ್ಟು ಬಂತು. ಕೈಲಿದ್ದ ಬಟ್ಟೆ ಬಿಸಾಕಿದೆ.

"ಅಲ್ಲಯ್ಯಾ, ರೆಕಾರ್ಡಲ್ಲಿ ನಮ್ಮ ದನಿ ಒರೆಸಿ ಹಾಕ್ದೆ. ಪುಸ್ತಕದಲ್ಲಿ ಕೂತ್ಕೊಂಡು ಅದನ್ನೇ ಹೊಗಳ್ದೆ. ಈಗ ಸಾಯೋಕೆ ಹೊರಟಾಗ ನಮ್ಮ ಗಂಟಲು ಬೇಕಾ? ಯಾವ ಮುಖ ಇಟ್ಕೊಂಡು ಕೇಳ್ತೀಯ?"

ಅವನು ತಲೆ ತಗ್ಗಿಸಿದ. ಹಾಗೇ ಕೇಳಿದ: "ದೊಡ್ಡಮ್ಮಂಗೆ ಗೊತ್ತಾ?"

"ಇಲ್ಲ. ಗೊತ್ತಾಗೋದೂ ಬೇಡ. ಆ ಮುದುಕಿ ಅದನ್ನ ತನ್ನದೇ ದನಿ ಅಂದ್ಕೊಂಡಿದಾಳೆ."

"ಹಾಡಲ್ಲಿ ಅದೇ ಇದೆ, ಜುರೇಮ. ಅದನ್ನೇ ಕಟ್ಟಿದೀನಿ. ಬೇರೆ ಏನು ಕಟ್ಟೋಕೆ ಹೋದ್ರೂ ಬರ್ಲಿಲ್ಲ."

ಒಳ್ಳೇ ಫಜೀತಿ! ಹಾಡಿದರೆ ಅವಳ ಎದೆ ಒಡೆಯುತ್ತದೆ, ಹಾಡದಿದ್ದರೆ ಇವನು ಡೋಲಿನ ಜೊತೆ ಹೋಗುತ್ತಾನೆ. "ಬರಬೇಡ" ಅಂತ ಖಡಾಖಂಡಿತವಾಗಿ ಹೇಳಿ ಕಳಿಸಿದೆ. ಆದರೆ ಮಾವಿನ ಮರದ ಕೆಳಗೆ ನಿಲ್ಲುವ ಹಕ್ಕು ಅಂಗಳದಲ್ಲಿ ಬೆಳೆದ ಎಲ್ಲರಿಗೂ ಇದೆ. ನಾನು ಯಾರು ತಡೆಯುವುದಕ್ಕೆ?

ಭಾನುವಾರ ಬಂದ. ಇಸ್ತ್ರಿ ಮಾಡಿದ ಹಳೇ ಬಟ್ಟೆ, ಶಾಲೆಯ ಬಣ್ಣದ ಟೊಪ್ಪಿ. ಕಪ್ಪು ಬೀನ್ಸಿನ ಊಟ ಆಗಷ್ಟೇ ಮುಗಿದಿತ್ತು, ಜನ ಹಲ್ಲಿಗೆ ಕಡ್ಡಿ ಹಾಕಿಕೊಂಡು ಕೂತಿದ್ದರು. ಬಗ್ಗಿ ಬೆನೆದೀತಕ್ಕನ ಕೈಗೆ ಮುತ್ತಿಟ್ಟ.

"ಆಶೀರ್ವಾದ ಮಾಡಿ ದೊಡ್ಡಮ್ಮ."

"ದೇವರು ಒಳ್ಳೇದು ಮಾಡ್ಲಿ. ಊಟ ಆಯ್ತೇನೋ?"

"ಆಮೇಲೆ ಮಾಡ್ತೀನಿ. ಒಂದು ಹಾಡು ತಂದಿದೀನಿ."

ಅಂಗಳದ ಯಜಮಾನ ಅರಿಸ್ಟೀಡಿಸ್ ತನ್ನ ಪುಟ್ಟ ನಾಲ್ಕು ತಂತಿಯ ಗಿಟಾರು ಎತ್ತಿಕೊಂಡ. ಹಿಂದಿನಿಂದ ಯಾರೋ ಕೂಗಿದರು: "ಏನಣ್ಣ, ಇದು ಮೊದಲರ್ಧವೋ ಎರಡನೇದೋ?" ಎಲ್ಲರೂ ನಕ್ಕರು, ಅನ್ಸೆಲ್ಮೊನೂ ನಕ್ಕ. ಆಮೇಲೆ ಹಾಡಿದ.

ಅವನಿಗೆ ದನಿಯೇನೂ ಇರಲಿಲ್ಲ. ಒಡಕು, ಮಧ್ಯೆ ಮಧ್ಯೆ ಉಸಿರಿಗೆ ನಿಲ್ಲುತ್ತಿದ್ದ. ಆದರೆ ಹಾಡು!

"ನಮ್ಮ ಹಿತ್ತಲ ಬಾವಿ ನೀರ ನಾನೇ ಚೆಲ್ಲಿದೆ,
ಪೇಟೆ ನಲ್ಲಿ ನೀರ ತಂದು ಅದಕೆ ತುಂಬಿದೆ.
ಊರು ಹೊಗಳಿತು ಅಮ್ಮ, ನಾನೂ ಹೊಗಳಿದೆ.
ಈಗ ಬಾಯಾರಿ ಬಂದಿರುವೆ,
ಒಂದು ಲೋಟ ಅಮ್ಮ, ಒಂದೇ ಲೋಟ."

ಇಷ್ಟೇ. ಇನ್ನೊಂದು ಅರ್ಧವೂ ಇತ್ತು, ಅದೂ ಇಷ್ಟೇ ಸರಳ. ಪೇಟೆಯವರಿಗೆ ಅವನು ಕಟ್ಟಿದ ಹಾಡುಗಳಲ್ಲಿದ್ದ ಬೆಡಗು ಒಂದೂ ಇರಲಿಲ್ಲ. ಎಲ್ಲಕ್ಕಿಂತ ದೊಡ್ಡ ಪೆಟ್ಟು ಅಂದರೆ, ಪ್ರತಿ ಸಾಲಿನ ಕೊನೆಯಲ್ಲಿ ಅವನು ಜಾಗ ಬಿಟ್ಟಿದ್ದ. ನಾವು ಎಳೆಯುವುದಕ್ಕೆ ಎಷ್ಟು ಬೇಕೋ ಅಷ್ಟು ಜಾಗ. ಅವನೊಬ್ಬನೇ ಹಾಡುವಾಗ ಆ ಜಾಗ ಖಾಲಿ ಬಿದ್ದಿರುತ್ತಿತ್ತು.

ಎರಡು ಸುತ್ತು ಮುಗಿಯಿತು. ನನ್ನ ಪಕ್ಕ ಮರ್ಲೆನಿ ಸೆರಗಿನಂತೆ ಹೊದ್ದಿದ್ದ ಬಟ್ಟೆಯ ತುದಿ ಕಚ್ಚಿಕೊಂಡು ಕೂತಿದ್ದಳು. ನನ್ನ ಗಂಟಲಲ್ಲಿ ಆ ಹಾಡು ಆಗಲೇ ಬಂದು ಕೂತಿತ್ತು, ಅದಕ್ಕೆ ನನಗೆ ನನ್ನ ಮೇಲೇ ಸಿಟ್ಟು. ಬೆನೆದೀತಕ್ಕ ತಟ್ಟೆಯಲ್ಲಿ ಉಳಿದಿದ್ದ ಮರಗೆಣಸಿನ ಪುಡಿಯನ್ನು ಬೆರಳಿನಿಂದ ಒಟ್ಟು ಮಾಡುತ್ತಿದ್ದಳು. ಮೂರನೇ ಸುತ್ತು ಶುರುವಾಯಿತು. ಅಂಗಳವೆಲ್ಲ ಅವಳ ಬಾಯಿ ನೋಡುತ್ತಿತ್ತು. ಅವಳು ಪುಡಿ ಬಾಯಿಗೆ ಹಾಕಿಕೊಂಡಳು. "ಒಂದೇ ಲೋಟ" ಅಂತ ಅವನು ನಿಲ್ಲಿಸಿದ, ಆ ಜಾಗ ಹಾಗೇ ಖಾಲಿ ಬಿದ್ದುಕೊಂಡಿತು. ಅರಿಸ್ಟೀಡಿಸ್ ಮರುಕಪಟ್ಟು ನಾಲ್ಕನೇ ಸುತ್ತನ್ನೂ ಬಾರಿಸಿದ. ಅದು ಪದ್ಧತಿಯಲ್ಲ, ಯಾರೂ ಆಕ್ಷೇಪಿಸಲಿಲ್ಲ. ನಾಲ್ಕನೇದಕ್ಕೂ ಯಾರೂ ಬಾಯಿ ತೆರೆಯಲಿಲ್ಲ. ಗಿಟಾರು ಕೆಳಗಿಟ್ಟ.

ಆಗ ಬೆನೆದೀತಕ್ಕ ತಟ್ಟೆ ಪಕ್ಕಕ್ಕಿಟ್ಟು ಹೇಳಿದಳು:

"ಹಾಡು ಚೆನ್ನಾಗಿದೆ ಕಣಪ್ಪ. ಆದ್ರೆ ಏನ್ಮಾಡೋದು, ನಾವು ಎಳೀತೀವಲ್ಲ. ಆ ಪೇಟೆ ಹುಡುಗೀರನ್ನೇ ಕರೆಸ್ಕೊ. ಅವರು ಟಕ್ ಅಂತ ನಿಲ್ಲಿಸ್ತಾರೆ."

ಅನ್ಸೆಲ್ಮೊನ ಮುಖದಲ್ಲಿ ರಕ್ತವೇ ಇರಲಿಲ್ಲ. ಅವನು ಟೊಪ್ಪಿ ತೆಗೆದ, ಬಗ್ಗಿದ, ಅವಳ ಕೈ ಹಿಡಿದ.

"ಆಶೀರ್ವಾದ ಮಾಡಿ ದೊಡ್ಡಮ್ಮ."

"ದೇವರು ಒಳ್ಳೇದು ಮಾಡ್ಲಿ" ಅಂದಳು. ಅವನು ಊಟ ಮಾಡದೆ ಸ್ಟೇಷನ್ನಿನ ಕಡೆಗೆ ಹೋದ.

ಮನೆಗೆ ನಡೆಯುವಾಗ ನಾನು ತಡೆಯಲಾರದೆ ಕೇಳಿದೆ: "ಅಕ್ಕ, ನಿಂಗೆ ಗೊತ್ತಿತ್ತಾ?"

"ಅಂಗೈ ಹುಣ್ಣಿಗೆ ಕನ್ನಡಿ ಬೇಕೇನೇ? ನನ್ನ ದನಿ ನಂಗೆ ಗೊತ್ತಾಗಲ್ವಾ? ಮರ್ಲೆನಿ ಮನೇಲಿ ಮುಳ್ಳು ಇಳಿಸಿದಾಗ್ಲೇ ಗೊತ್ತಾಯ್ತು."

"ಮತ್ತೆ ಚೆನ್ನಾಗಿದೆ ಅಂದೆ!"

"ನಿಮ್ಮ ಮುಖಗಳನ್ನ ನೋಡ್ದೆ. ಪಾಪ, ಎಲ್ಲಾ ಹೊಸ ಬಟ್ಟೆ ಹಾಕ್ಕೊಂಡು ಬಂದಿದ್ರಿ. ನಿಮಗೆ ಗೊತ್ತಾಗ್ಲಿಲ್ಲ ಅಂದ್ಕೊಂಡೆ."

ನಾವು ಅವಳಿಗಾಗಿ ಸುಮ್ಮನಿದ್ದೆವು, ಅವಳು ನಮಗಾಗಿ. ಇಷ್ಟೂ ವರ್ಷ! ನನಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ, ರಸ್ತೆಯ ಮಧ್ಯೆ ನಿಂತು ಎರಡೂ ಮಾಡಿದೆ.

"ಹಂಗಾದ್ರೆ ಬಂದೋರಿಗೆಲ್ಲ ಅದನ್ನ ಯಾಕೆ ಹಾಕ್ತಿದ್ದೆ?"

"ಹಾಡು ನಮ್ಮಮ್ಮಂದು ಕಣೆ. ಯಾರು ಹಾಡಿದ್ರೇನು? ಅವನಾದ್ರೂ ಒಂದಿನ ಬಂದು 'ದೊಡ್ಡಮ್ಮ, ಹಿಂಗಾಯ್ತು' ಅಂತ ನನ್ನ ಕಿವೀಲಿ ಹೇಳ್ತಾನೆ ಅಂತ ಕಾದೆ. ಬರ್ಲಿಲ್ಲ. ಪುಸ್ತಕ ಬರೆದ."

"ಇವತ್ತು ಹೇಳಿದ್ನಲ್ಲ. ಊರ ಮುಂದೆ ಹೇಳ್ದ."

"ಹೂಂ. ಒಳ್ಳೇ ಸಾಂಬಾ. ಅವನು ಕಟ್ಟಿದ್ರಲ್ಲೆಲ್ಲ ಅದೊಂದೇ ಸಾಂಬಾ." ಸ್ವಲ್ಪ ದೂರ ನಡೆದು ಮತ್ತೆ ಅಂದಳು: "ನಾನು ಇಷ್ಟು ವರ್ಷ ಬಾಯಾರಿ ಕೂತಿದ್ದೆ. ಅವನೂ ಸ್ವಲ್ಪ ದಿನ ಬಾಯಾರ್ಲಿ. ಸಂತ ಜಾರ್ಜನ ಹಬ್ಬಕ್ಕೆ ನಾನೇ ಎತ್ತಿ ಹಾಡ್ತೀನಿ. ಯಾರಿಗೂ ಹೇಳ್ಬೇಡ."

ಕಟ್ಟಿದವನು ಮತ್ತೆ ತರುವಂತಿಲ್ಲ ಅನ್ನುವುದು ಪದ್ಧತಿ. ಪಾಸ್ತೋರ ಎತ್ತಬಾರದು ಅಂತ ಯಾರೂ ಹೇಳಿಲ್ಲ. ಮುದುಕಿ ಎಲ್ಲ ಯೋಚಿಸಿಟ್ಟಿದ್ದಳು. ನಾನು ಯಾರಿಗೂ ಹೇಳಲಿಲ್ಲ.

ಆ ದಿನಗಳಲ್ಲಿ ಯಂತ್ರದ ಮುಂದೆ ಕೂತರೆ ಸಾಕು, ಆ ಹಾಡು ತಾನಾಗಿ ಬಾಯಿಗೆ ಬರುತ್ತಿತ್ತು. ಮೊದಲು ಬಾಗಿಲು ಮುಚ್ಚಿ ಹಾಡಿಕೊಳ್ಳುತ್ತಿದ್ದೆ. ಒಂದು ಬೆಳಿಗ್ಗೆ ಗೋಡೆಯ ಆಚೆ, ಬಟ್ಟೆ ಒಗೆಯುವ ಕಲ್ಲಿನ ತೊಟ್ಟಿಯಿಂದ ಬೆನೆದೀತಕ್ಕನ ದನಿ ಅದೇ ಸಾಲಿಗೆ ಬಂದು ಸೇರಿತು. ನಾನು ನಿಲ್ಲಿಸಿದೆ.

"ಯಾಕೇ ನಿಲ್ಲಿಸ್ದೆ?" ಅಂತ ಕೂಗಿದಳು. "ಅಭ್ಯಾಸ ಬೇಡ್ವಾ?"

ಆಮೇಲೆ ದಿನವೂ ಹಾಡಿದೆವು, ಇಬ್ಬರೇ. ಆ ಬೆಳಗುಗಳು ನನಗೆ ತುಂಬ ಖುಷಿ ಕೊಟ್ಟವು ಅಂತ ಹೇಳಲು ನಾಚಿಕೆಯಿಲ್ಲ. ನಡುವೆ ಒಮ್ಮೆ ಅಂದೆ: "ಅಕ್ಕ, ಅವನಿಗೆ ಒಂದು ಮಾತು ಹೇಳಿ ಕಳ್ಸೋಣ್ವಾ? ಎದೆ ಸರಿ ಇಲ್ಲ ಅಂದಿದ್ದ."

"ಅವನು ಯಾವತ್ತೂ ಅವಸರದೋನೇ" ಅಂದಳು. "ಹಬ್ಬಕ್ಕೆ ಎಷ್ಟು ದಿನ ಉಳಿದಿದೆ? ಕಾಯ್ಲಿ."

ಹಬ್ಬಕ್ಕೆ ಒಂದು ವಾರವಿದೆ ಅನ್ನುವಾಗ ಸುದ್ದಿ ಬಂತು. ಬಾಡಿಗೆ ಕೋಣೆಯಲ್ಲಿ, ಕುರ್ಚಿಯಲ್ಲಿ ಕೂತಲ್ಲೇ ಹೋಗಿದ್ದ. ನಾನು ಗೋಡೆಯ ಆಚೆಗೆ ಹೋಗಿ ಹೇಳಿದೆ. ಬೆನೆದೀತಕ್ಕ ಒದ್ದೆ ಬಟ್ಟೆ ಹಿಂಡುತ್ತಿದ್ದಳು. ಹಿಂಡುತ್ತಲೇ ಇದ್ದಳು, ಅದರಲ್ಲಿ ಒಂದು ಹನಿ ನೀರೂ ಇಲ್ಲವಾದ ಮೇಲೂ.

ಮರುದಿನ ಬೆಳಿಗ್ಗೆ ಪೆಟ್ಟಿಗೆ ಅಂಗಳಕ್ಕೆ ಬಂತು. ಅದರ ಹಿಂದೆ ಪೇಟೆಯೂ ಬಂತು. ಕಪ್ಪು ಕನ್ನಡಕದವರು, ಕಂಪನಿಯವರು, ಕ್ಯಾಮೆರಾದವರು. ದೊಡ್ಡ ಹಾಡುಗಾರನೊಬ್ಬ, ಅನ್ಸೆಲ್ಮೊನ ಹಾಡಿನಿಂದಲೇ ಮನೆ ಕಟ್ಟಿದವನು, ಅರಿಸ್ಟೀಡಿಸ್‌ನ ಹೆಗಲ ಮೇಲೆ ಕೈ ಹಾಕಿ ಅಂದ: "ಅವರ ಆ ಫೇಮಸ್ ಹಾಡು ನಾನು ಹಾಡ್ತೀನಿ. ಜನ ಅದನ್ನೇ ಎದುರು ನೋಡ್ತಿದಾರೆ."

ಅರಿಸ್ಟೀಡಿಸ್ ಆ ಕೈಯನ್ನು ಮೆಲ್ಲಗೆ ಇಳಿಸಿದ. "ಇಲ್ಲಿ ಹಂಗೆ ನಡೆಯಲ್ಲ ಸ್ವಾಮಿ. ಅವನಿಗೆ ಅಂಗಳದ ಹಾಡಿಲ್ಲ. ಡೋಲು."

ಡೋಲು ಶುರುವಾಯಿತು. ಡುಂ, ಡುಂ. ಬಾವುಟದ ಕೆಳಗೆ ಅನ್ಸೆಲ್ಮೊ ತುಂಬ ಸಣ್ಣಗೆ ಕಾಣುತ್ತಿದ್ದ. ಆರು ಜನ ಪೆಟ್ಟಿಗೆ ಎತ್ತಿಕೊಂಡರು.

ಬೆನೆದೀತಕ್ಕ ಕುರ್ಚಿಯಿಂದ ಎದ್ದಳು. ಮಂಡಿ ನೋವಿನವಳು, ಎದ್ದು ನಿಲ್ಲುವುದಕ್ಕೇ ಹೊತ್ತು ಬೇಕಾಯಿತು. ಕೈ ಎತ್ತಿ ಪೆಟ್ಟಿಗೆಯನ್ನು ನಿಲ್ಲಿಸಿದಳು. ಮೈಕು ಹಿಡಿದು ಓಡಿಬಂದವನನ್ನು ಕಣ್ಣಲ್ಲೇ ವಾಪಸ್ಸು ಕಳಿಸಿದಳು. ಹಾಡಿದಳು:

"ನಮ್ಮ ಹಿತ್ತಲ ಬಾವಿ ನೀರ ನಾನೇ ಚೆಲ್ಲಿದೆ..."

ಡೋಲಿನವನು ಗಾಬರಿಯಾಗಿ ನಿಲ್ಲಿಸಿದ. ಎರಡನೇ ಸಾಲಿಗೆ ನಾನು ಸೇರಿದೆ. ನನ್ನ ಲೆಕ್ಕದಲ್ಲಿ ಆ ಹಾಡು ಗೊತ್ತಿದ್ದವರು ನಾವಿಬ್ಬರೇ; ಉಳಿದವರು ಒಂದೇ ಒಂದು ಮಧ್ಯಾಹ್ನ ಕೇಳಿದ್ದು, ಅದೂ ಎಷ್ಟೋ ವಾರಗಳ ಹಿಂದೆ. ಇಬ್ಬರೇ ಮುದುಕಿಯರು ಇಷ್ಟು ಜನದ ನಡುವೆ ಹೇಗೆ ಎಳೆಯುವುದು ಅಂತ ಹೆದರಿದ್ದೆ. ಮೂರನೇ ಸಾಲಿಗೆ ಮರ್ಲೆನಿ ಸೇರಿದಳು. ಒಂದು ಪದವೂ ತಪ್ಪಲಿಲ್ಲ. ನಾಲ್ಕನೇ ಸಾಲಿಗೆ ಎಲ್ಲ ಹೆಂಗಸರೂ ಸೇರಿದರು, ಎರಡನೇ ಅರ್ಧಕ್ಕೂ ಯಾರೂ ತಡವರಿಸಲಿಲ್ಲ. ಕಳ್ಳಿಯರು! ಒಬ್ಬೊಬ್ಬಳೂ ತನ್ನ ತನ್ನ ಅಡಿಗೆಮನೆಯಲ್ಲಿ ಬಾಗಿಲು ಹಾಕಿಕೊಂಡು ಇದನ್ನೇ ಹಾಡಿಕೊಂಡಿದ್ದರು. ಇಡೀ ಬೆಂಟೊ ಗುಡ್ಡವೇ ಅವನ ಹಾಡನ್ನು ಎತ್ತಿಕೊಂಡಿತ್ತು, ಅವನೊಬ್ಬನಿಗೆ ಮಾತ್ರ ಅದು ಕೇಳಿಸಲೇ ಇಲ್ಲ. ಒಂದು ಮಾತು, ಒಬ್ಬಳಾದರೂ ಹೇಳಿ ಕಳಿಸಿದ್ದರೆ ಆಗುತ್ತಿತ್ತು. ನಾನು ಅಳುತ್ತಲೇ ಹಾಡಿದೆ. ಈ ಸಲ ಈರುಳ್ಳಿಯ ನೆಪ ಹೇಳಲಿಲ್ಲ.

ಮೂರನೇ ಸುತ್ತಿಗೆ ಗಂಡಸರು, ಡೋಲು, ತಂತಿ, ಕಪ್ಪು ಕನ್ನಡಕದವರು ಎಲ್ಲ ಸೇರಿದರು. ಕೊನೆಯ "ಒಂದೇ ಲೋಟ" ಬಂತು. ನಾವು ಎಳೆದೆವು, ನಮ್ಮ ತಾಯಂದಿರು ಎಳೆಯುತ್ತಿದ್ದ ಹಾಗೆ. ಗೇಟಿನ ಬಳಿ ನಿಂತವರೂ ಒಬ್ಬೊಬ್ಬರಾಗಿ ಬಂದು ಸೇರಿಕೊಂಡರು. ಎಲ್ಲರೂ ಬಂದಾಯಿತು, ಇನ್ನು ಬಿಡಬೇಕು ಅಂತ ನಾವು ಬಿಟ್ಟೆವು. ಬೆನೆದೀತಕ್ಕ ಬಿಡಲಿಲ್ಲ. ಇನ್ನೂ ಒಬ್ಬ ಬರುವುದು ಬಾಕಿ ಇದೆ ಅನ್ನುವವಳ ಹಾಗೆ, ಪೆಟ್ಟಿಗೆಯ ಕಡೆ ನೋಡುತ್ತ, ಉಸಿರು ಮುಗಿಯುವ ತನಕ ಒಬ್ಬಳೇ ಹಿಡಿದುಕೊಂಡಿದ್ದಳು.